ಅಂಗಳವಿಲ್ಲದ ರಂಗೋಲಿ

ನಮ್ಮ ಬಾಲ್ಯದಲ್ಲಿ ಊರ ಜಾತ್ರೆಗೆ ಬಯಸ್ಕೋಪಿನವನೊಬ್ಬ ತಪ್ಪದೆ ಬರುತ್ತಿದ್ದ. ಬಣ್ಣ ಬಳಿದ ತಗಡಿನ ಪೆಟ್ಟಿಗೆ, ಅದರ ಸುತ್ತ ನಾಲ್ಕೈದು ಗಾಜುಗಣ್ಣು, ಮೇಲೊಂದು ಕಿರುಗಂಟೆ. ಕಾಸು ಕೊಟ್ಟು ಆ ಗಾಜಿಗೆ ಕಣ್ಣಿಟ್ಟರೆ ಕಾಶಿಯ ಘಟ್ಟ, ಆಗ್ರಾದ ತಾಜಮಹಲು, ಮೈಸೂರಿನ ಜಂಬೂ ಸವಾರಿ ಒಂದಾದ ಮೇಲೊಂದು ಸರಿದುಹೋಗುತ್ತಿದ್ದವು. ನೋಡುವಷ್ಟು ಹೊತ್ತೂ ನಾವು ಜಾತ್ರೆಯಲ್ಲಿ ಇರುತ್ತಿರಲಿಲ್ಲ. ಹಿಂದಿನಿಂದ ಯಾರಾದರೂ ಅಂಗಿ ಹಿಡಿದೆಳೆದು “ಸಾಕು ಏಳೋ, ಇನ್ನು ನನ್ನ ಸರದಿ” ಎಂದಾಗಲೇ ಆ ಬಿಸಿಲು, ಆ ಧೂಳು, ಆ ಪೀಪಿಯ ಸದ್ದು ಮರಳಿ ಬರುತ್ತಿದ್ದವು.

ಆ ಪೆಟ್ಟಿಗೆಯ ಮರಿಮಗ ಎನ್ನಬಹುದಾದ ಯಂತ್ರವೊಂದು 2021ರ ದೀಪಾವಳಿಯಲ್ಲಿ ನಮ್ಮ ಅಕ್ಕನ ಮನೆಯ ಹಜಾರಕ್ಕೆ ಬಂದಿತು. ತಂದವಳು ಅಕ್ಕನ ಮೊಮ್ಮಗಳು, ಚಿತ್ರಕಲೆ ಕಲಿತ ಹುಡುಗಿ. ಯಂತ್ರ ಅವಳದಲ್ಲ, ಗೆಳತಿಯಿಂದ ಎರಡು ದಿನಕ್ಕೆಂದು ಎರವಲು ತಂದದ್ದು. ನೋಡುವುದಕ್ಕೆ ಈಜುಗಾರರು ಮುಖಕ್ಕೆ ಬಿಗಿದುಕೊಳ್ಳುವ ದೊಡ್ಡ ಕನ್ನಡಕದಂತಿತ್ತು; ಆದರೆ ಗಾಜಿರಬೇಕಾದ ಕಡೆ ಕಪ್ಪು ಮುಚ್ಚಳ. ಎಂಬತ್ತನ್ನು ಸಮೀಪಿಸುತ್ತಿದ್ದ ಅಕ್ಕ, “ಇದನ್ನು ಕಟ್ಟಿಕೊಂಡರೆ ಈಗ ಕಾಣುತ್ತಿರುವಷ್ಟೂ ಕಾಣದ ಹಾಗಾಗುವುದಿಲ್ಲವೇನೇ?” ಎಂದು ಗೊಣಗುತ್ತಲೇ ತನ್ನ ಕನ್ನಡಕದ ಮೇಲೆಯೇ ಅದನ್ನು ಹಾಕಿಸಿಕೊಂಡಳು. ಅರೆನಿಮಿಷ ಸದ್ದಿಲ್ಲ. ಆಮೇಲೆ ಅವಳು ಮಾಡಿದ ಕೆಲಸ ಇಂದಿಗೂ ನನ್ನ ಕಣ್ಣಿಗೆ ಕಟ್ಟಿದಂತಿದೆ. ಸೀರೆಯ ನಿರಿಗೆಯನ್ನು ಎರಡಂಗುಲ ಮೇಲಕ್ಕೆತ್ತಿ ಹಿಡಿದು, ಬರಿಯ ನೆಲದ ಮೇಲೆ ಏನನ್ನೋ ದಾಟುವವಳಂತೆ ಕಾಲನ್ನು ಮೆಲ್ಲನೆ ಎತ್ತಿಟ್ಟಳು.

ಅವಳು ದಾಟಿದ್ದು ರಂಗೋಲಿಯನ್ನು. ಅದು ಮೊಮ್ಮಗಳೇ ಕಂಪ್ಯೂಟರಿನಲ್ಲಿ ರಚಿಸಿದ ಕೊಠಡಿ. ಬೆಳಗಿನ ಜಾವದ ನೀಲಿಗತ್ತಲೆ. ಅದರಲ್ಲಿ ಹಣತೆಯ ಕುಡಿಗಳಂತೆ ಚುಕ್ಕಿಗಳು. ಚುಕ್ಕಿಗಳು ನೆಲದ ಮೇಲಷ್ಟೇ ಅಲ್ಲ, ಮೊಣಕಾಲೆತ್ತರದಲ್ಲಿ, ಭುಜದೆತ್ತರದಲ್ಲಿ, ತಲೆಯ ಮೇಲೆ, ಎಲ್ಲೆಲ್ಲೂ ತೂಗುತ್ತಿದ್ದವು. ಅವುಗಳ ನಡುವೆ ಒಂದೇ ಒಂದು ಬಿಳಿಯ ಎಳೆ ಸುತ್ತಿ ಬಳಸಿ ಹರಿದುಹೋಗಿತ್ತು. ನಾವು ಎಳೆಯ ಜೊತೆಯಲ್ಲಿ ನಡೆಯಬೇಕು; ಬಗ್ಗಬೇಕಾದಲ್ಲಿ ಬಗ್ಗಬೇಕು. ಎಪ್ಪತ್ತು ವರ್ಷ ದಿನವೂ ಮೇಲಿನಿಂದ ನೋಡಿದ ರಂಗೋಲಿಯ ಒಳಗೆ ನಿಂತು ಅಕ್ಕ ಒಂದು ಸುತ್ತು ತಿರುಗಿದಳು, ಬೆರಳು ಮಡಿಸಿ ಏನನ್ನೋ ಎಣಿಸಿದಳು. ಯಂತ್ರವನ್ನು ಕಳಚಿದ ಮೇಲೆ ಅವಳು ಕೊಟ್ಟ ತೀರ್ಪು ಒಂದೇ ಮಾತು: “ಚೆನ್ನಾಗಿದೆ ಕಣೇ. ಆದರೆ ಬಲಗಡೆ ಮೂಲೆಯಲ್ಲಿ ಒಂದು ಚುಕ್ಕಿ ಬಿಟ್ಟುಹೋಗಿದೆ. ಎಳೆ ಅದನ್ನು ಸುತ್ತಿಲ್ಲ.”

ಹುಡುಗಿಯ ಮುಖ ನೋಡಬೇಕಿತ್ತು! ಅಧ್ಯಾಪಕರಿಗಾಗಲಿ ಸಹಪಾಠಿಗಳಿಗಾಗಲಿ ಕಾಣದಿದ್ದ ತಪ್ಪು ಅದು.

ಇಂತಹ ಕೊಠಡಿಗಳನ್ನು ವರ್ಚುಯಲ್ ರಿಯಾಲಿಟಿ ಗ್ಯಾಲರಿಗಳೆಂದು ಕರೆಯುತ್ತಾರೆ. ವರ್ಚುಯಲ್ ರಿಯಾಲಿಟಿಯನ್ನು ‘ಮಿಥ್ಯಾವಾಸ್ತವ’ ಎಂದು ಕನ್ನಡಿಸುವವರುಂಟು. ಮಿಥ್ಯೆಯೂ ವಾಸ್ತವವೂ ಒಂದೇ ಪದದೊಳಗೆ ಸಂಸಾರ ಹೂಡುವುದು ಶಂಕರಾಚಾರ್ಯರಿಗೆ ಎಷ್ಟರ ಮಟ್ಟಿಗೆ ಒಪ್ಪಿಗೆಯಾಗುತ್ತಿತ್ತೋ ಹೇಳಲಾರೆ. ಅಂತೂ ತತ್ತ್ವ ಹೊಸದಲ್ಲ. ನಮ್ಮ ಎರಡು ಕಣ್ಣುಗಳೂ ಒಂದೇ ವಸ್ತುವನ್ನು ತುಸು ಬೇರೆ ಬೇರೆ ಕೋನಗಳಿಂದ ನೋಡುತ್ತವೆ; ಆ ವ್ಯತ್ಯಾಸದಿಂದಲೇ ಮಿದುಳು ಆಳವನ್ನು ಅಳೆಯುತ್ತದೆ. ಇದನ್ನು 1838ರಲ್ಲಿ ಇಂಗ್ಲೆಂಡಿನ ಚಾರ್ಲ್ಸ್ ವೀಟ್‌ಸ್ಟನ್ ತೋರಿಸಿಕೊಟ್ಟು, ಎರಡು ಚಿತ್ರಗಳನ್ನು ಎರಡು ಕಣ್ಣಿಗೆ ಪ್ರತ್ಯೇಕವಾಗಿ ಕಾಣಿಸುವ ಸ್ಟೀರಿಯಾಸ್ಕೋಪನ್ನು ರಚಿಸಿದನು. 1968ರಲ್ಲಿ ಅಮೆರಿಕದ ಐವನ್ ಸದರ್ಲೆಂಡ್ ಆ ಎರಡು ಚಿತ್ರಗಳನ್ನು ಕಂಪ್ಯೂಟರಿನಿಂದ ಬರೆಯಿಸಿದನು. ತಲೆಗೆ ತೊಡುವ ಅವನ ಯಂತ್ರವನ್ನು ಚಾವಣಿಯಿಂದ ಇಳಿಬಿಟ್ಟ ಲೋಹದ ತೋಳಿಗೆ ಜೋಡಿಸಬೇಕಾಗಿತ್ತು. ಕಾಣುತ್ತಿದ್ದುದು ಗೆರೆಗಳಿಂದಾದ ಒಂದು ಘನಾಕೃತಿ, ಅಷ್ಟೆ. ಆದರೆ ನೋಡುವವನು ತಲೆಯನ್ನು ಆಚೆ ವಾಲಿಸಿದರೆ ಆ ಘನದ ಆಚೆಯ ಮೈ ಕಾಣುತ್ತಿತ್ತು! ಬಯಸ್ಕೋಪಿಗೂ ಇದಕ್ಕೂ ಇರುವ ಭೇದ ಇದೇ. ಇಲ್ಲಿ ಚಿತ್ರ ಸರಿಯುವುದಿಲ್ಲ, ನಾವು ಸರಿಯುತ್ತೇವೆ. ತಲೆ ತಿರುಗಿದೊಡನೆ ಚಿತ್ರವೂ ತಿರುಗಬೇಕು. ತುಸು ತಡವಾದರೂ ಕಣ್ಣು ಒಂದು ಹೇಳುತ್ತದೆ, ಒಳಗಿವಿ ಇನ್ನೊಂದು ಹೇಳುತ್ತದೆ, ಹೊಟ್ಟೆ ತೊಳಸುತ್ತದೆ. ಅಕ್ಕನಿಗೆ ಏನೂ ಆಗಲಿಲ್ಲ. ಅನಂತರ ಹಾಕಿಕೊಂಡ ನಾನು ಎರಡೇ ನಿಮಿಷಕ್ಕೆ ಕುರ್ಚಿಯನ್ನು ಹುಡುಕಿದೆನೆಂಬುದನ್ನು ಇಲ್ಲಿ ಒಪ್ಪಿಕೊಳ್ಳುತ್ತೇನೆ.

ವಿಜ್ಞಾನಿಗಳ ಈ ಆಟಿಕೆಯನ್ನು ಕಲೆಯಾಗಿ ಮಾಡಿದವರಲ್ಲಿ ಮೊದಲು ನೆನೆಯಬೇಕಾದವಳು ಕೆನಡಾದ ಚಾರ್ ಡೇವಿಸ್. ಆಕೆ ಮೂಲತಃ ವರ್ಣಚಿತ್ರ ಬರೆಯುತ್ತಿದ್ದವಳು, ಬಲು ಹ್ರಸ್ವದೃಷ್ಟಿಯವಳು. ಕನ್ನಡಕ ತೆಗೆದಾಗ ವಸ್ತುಗಳ ಅಂಚು ಕರಗಿ, ಮರ ಬೆಳಕಿನೊಳಗೆ, ಬೆಳಕು ನೀರಿನೊಳಗೆ ಬೆರೆತುಹೋಗುವ ಆ ನೋಟವನ್ನು ಆಕೆ ದೋಷವೆಂದು ಎಣಿಸದೆ ಚಿತ್ರಕ್ಕೆ ವಸ್ತುವನ್ನಾಗಿ ಮಾಡಿಕೊಂಡಳು. ಕ್ಯಾನ್‌ವಾಸಿನ ಮೇಲೆ ಅದು ಪೂರ್ತಿ ಸಿಕ್ಕಲಿಲ್ಲವೆಂದು ಕಂಪ್ಯೂಟರಿನತ್ತ ತಿರುಗಿ, ಸಾಫ್ಟ್‌ಇಮೇಜ್ ಎಂಬ ಸಂಸ್ಥೆಯ ಸ್ಥಾಪಕ ನಿರ್ದೇಶಕರಲ್ಲಿ ಒಬ್ಬಳಾದಳು. ‘ಜುರಾಸಿಕ್ ಪಾರ್ಕ್’ ಚಿತ್ರದ ರಾಕ್ಷಸ ಮೃಗಗಳನ್ನು ನಡೆಸಾಡಿಸುವುದಕ್ಕೆ ಬಳಕೆಯಾದದ್ದು ಅದೇ ಸಂಸ್ಥೆಯ ತಂತ್ರಾಂಶ. ಆ ಮೃಗಗಳು ಲೋಕವನ್ನೆಲ್ಲ ಹೆದರಿಸುತ್ತಿದ್ದ ಕಾಲದಲ್ಲಿ ಈಕೆ ಸದ್ದಿಲ್ಲದೆ ಬೇರೊಂದನ್ನು ಕಟ್ಟುತ್ತಿದ್ದಳು.

1995ರಲ್ಲಿ ಮಾಂಟ್ರಿಯಲ್ ನಗರದ ಸಮಕಾಲೀನ ಕಲಾ ವಸ್ತುಸಂಗ್ರಹಾಲಯದಲ್ಲಿ ಪ್ರದರ್ಶಿತವಾದ ಆ ಕೃತಿಯ ಹೆಸರು ‘ಆಸ್ಮೋಸ್’. ಪ್ರೇಕ್ಷಕ ತಲೆಗೆ ಯಂತ್ರವನ್ನೂ ಎದೆಗೆ ಉಸಿರಿನ ಏರಿಳಿತವನ್ನು ಅಳೆಯುವ ಕವಚವನ್ನೂ ತೊಡಬೇಕು. ಕೈಯಲ್ಲಿ ಗುಂಡಿ, ಸನ್ನೆ ಯಾವುದೂ ಇಲ್ಲ. ಉಸಿರನ್ನು ಒಳಗೆಳೆದುಕೊಂಡರೆ ಮೇಲಕ್ಕೆ ತೇಲುತ್ತಾನೆ, ಹೊರಬಿಟ್ಟರೆ ಇಳಿಯುತ್ತಾನೆ, ಮೈಯನ್ನು ವಾಲಿಸಿದತ್ತ ಸಾಗುತ್ತಾನೆ. ನೀರಿನಾಳದಲ್ಲಿ ಮುಳುಗಿ ತೇಲುವ ಹವ್ಯಾಸವಿದ್ದುದರಿಂದ ಆಕೆಗೆ ಈ ಉಪಾಯ ಹೊಳೆಯಿತಂತೆ. ಮೊದಲು ಗೆರೆಗಳ ಜಾಲ. ಕೆಲವು ಉಸಿರಿನಲ್ಲೇ ಅದು ಕರಗಿ ಕಾಡಾಗುತ್ತದೆ. ಎಲೆಯೊಂದರ ಒಳಹೊಗಬಹುದು, ಕೊಳಕ್ಕೆ ಇಳಿಯಬಹುದು, ಮಣ್ಣಿನಡಿಯ ಬೇರುಗಳ ನಡುವೆ ಸುಳಿಯಬಹುದು. ಇನ್ನೂ ಕೆಳಗಿಳಿದರೆ ಆ ಲೋಕವನ್ನು ನಡೆಸುತ್ತಿರುವ ಕಂಪ್ಯೂಟರ್ ಸೂತ್ರಗಳೇ ಸಾಲುಸಾಲಾಗಿ ಕಾಣುತ್ತವೆ. ಸುಮಾರು ಹದಿನೈದು ನಿಮಿಷವಾದ ಮೇಲೆ ಎಲ್ಲವೂ ಮೆಲ್ಲನೆ ದೂರ ಸರಿಯುತ್ತದೆ. ಹೊರಬಂದವರಲ್ಲಿ ಕೆಲವರು ಕಣ್ಣೀರಿಟ್ಟರು.

ಇನ್ನೊಂದು ಸಂಗತಿಯನ್ನು ಹೇಳಲೇಬೇಕು. ಒಳಗೆ ಒಬ್ಬೊಬ್ಬರಿಗೇ ಪ್ರವೇಶವಾದುದರಿಂದ ಕಾಯುವ ಮಂದಿಗಾಗಿ ಆಕೆ ಕತ್ತಲೆಯ ಹಜಾರವೊಂದನ್ನು ಮಾಡಿಸಿದ್ದಳು. ಅಲ್ಲಿ ಒಂದು ತೆರೆಯ ಮೇಲೆ ಒಳಗಿನವನು ನೋಡುತ್ತಿರುವ ಲೋಕ. ಇನ್ನೊಂದು ತೆರೆಯ ಮೇಲೆ ತೇಲುವವನಂತೆ ವಾಲಿ ಬಳುಕುತ್ತಿರುವ ಅವನದೇ ನೆರಳು. ತೊಗಲುಗೊಂಬೆಯಾಟವನ್ನು ಕಂಡ ನಮಗೆ ನೆರಳಿನ ಬೆಲೆಯನ್ನು ಯಾರೂ ಹೇಳಿಕೊಡಬೇಕಾಗಿಲ್ಲ. ಈಗಿನ ಎಷ್ಟೋ ಪ್ರದರ್ಶನಗಳಲ್ಲಿ ಯಂತ್ರ ತೊಟ್ಟವನು ಗೋಡೆಗೆ ಮುಖಮಾಡಿ ಕೈಬೀಸುತ್ತ ನಿಂತಿರುತ್ತಾನೆ. ಉಳಿದವರು ಸರದಿಗಾಗಿ ಆಕಳಿಸುತ್ತಾರೆ. ಡೇವಿಸಳಿಗಿದ್ದ ಆ ವಿವೇಕ ಆಮೇಲಿನವರಿಗೆ ಏಕೆ ಬರಲಿಲ್ಲವೋ!

ಇದಾದ ಮೇಲೆ ಬಹಳ ವರ್ಷ ಯಂತ್ರಗಳ ಬೆಲೆ ದುಬಾರಿಯಾಗಿಯೇ ಉಳಿಯಿತು. ಡೇವಿಸಳ ಕೃತಿಗೆ ಸಿಲಿಕಾನ್ ಗ್ರಾಫಿಕ್ಸ್ ಸಂಸ್ಥೆಯ ಭಾರೀ ಕಂಪ್ಯೂಟರೇ ಬೇಕಾಗಿತ್ತು. 2016ರ ವೇಳೆಗೆ ಮನೆಗೆ ಕೊಳ್ಳಬಹುದಾದ ಹೆಡ್‌ಸೆಟ್‌ಗಳು ಅಂಗಡಿಗೆ ಬಂದವು. ಗಾಳಿಯಲ್ಲೇ ಕುಂಚವಾಡಿಸಿ ಚಿತ್ರ ಬರೆಯಬಹುದಾದ ಗೂಗಲ್ ಸಂಸ್ಥೆಯ ‘ಟಿಲ್ಟ್ ಬ್ರಷ್’ ಕೂಡ ಆ ವರ್ಷವೇ ಬಂದಿತು. ಮರುವರ್ಷ ವೆನಿಸ್ ಚಲನಚಿತ್ರೋತ್ಸವ ಇಂತಹ ಕೃತಿಗಳಿಗೆ ಪ್ರತ್ಯೇಕ ಸ್ಪರ್ಧೆಯನ್ನೇ ಏರ್ಪಡಿಸಿತು. ನಡೆಸಿದ್ದು ಎಲ್ಲಿ ಎನ್ನುತ್ತೀರಿ? ಹಿಂದೆ ಪ್ಲೇಗಿನ ರೋಗಿಗಳನ್ನು ಪ್ರತ್ಯೇಕವಾಗಿರಿಸುತ್ತಿದ್ದ ಲಜ್ಜರೆಟ್ಟೊ ವೆಕ್ಕಿಯೊ ಎಂಬ ದ್ವೀಪದಲ್ಲಿ. ಲಾರಿ ಆಂಡರ್ಸನ್ ಮತ್ತು ಹ್ಸಿನ್-ಚಿಯೆನ್ ಹ್ವಾಂಗ್ ರಚಿಸಿದ, ಸೀಮೆಸುಣ್ಣದ ಬರಹದಿಂದ ತುಂಬಿದ ಕರಿಹಲಗೆಯ ಕೊಠಡಿಗಳಲ್ಲಿ ನೋಡುವವರು ಹಾರಾಡುವ ಕೃತಿಗೆ ಅಲ್ಲಿ ಬಹುಮಾನ ಸಂದಿತು. ಅದೇ ವರ್ಷ ಕ್ರೆಮರ್ ದಂಪತಿಗಳು ತಮ್ಮ ಸಂಗ್ರಹದ ಹಳೆಯ ಡಚ್ ಚಿತ್ರಗಳಿಗೆ ಕಟ್ಟಡವೇ ಇಲ್ಲದ ವಸ್ತುಸಂಗ್ರಹಾಲಯವನ್ನು ತೆರೆದರು. ಒಂದೊಂದು ಚಿತ್ರಕ್ಕೂ 2,000ಕ್ಕೂ ಹೆಚ್ಚು ಛಾಯಾಚಿತ್ರಗಳನ್ನು ತೆಗೆದು ಕೂಡಿಸಿದ ಸಾಹಸ ಅದು. ಮೆಚ್ಚತಕ್ಕದ್ದೇ. ಆದರೂ ಎಣ್ಣೆಬಣ್ಣದ ಚಿತ್ರಕ್ಕೆ ಬೇರೆ ಕಡೆ ಒಂದು ಮೈಯಿದೆ, ಗೋಡೆಯಿದೆ. ಇಲ್ಲಿರುವುದು ಅದರ ಪಡಿಯಚ್ಚು. ಕಂಪ್ಯೂಟರಿನಲ್ಲೇ ಹುಟ್ಟಿದ, ಬೇರೆಲ್ಲೂ ಮೈಯಿಲ್ಲದ ಕಲೆಯ ಗತಿಯೇನು ಎಂಬುದೇ ನನ್ನನ್ನು ಕಾಡುವ ಪ್ರಶ್ನೆ.

ಆ ಕಲೆಗೆ ತಕ್ಕ ಮನೆಯನ್ನು ಕಟ್ಟಲು ಹೊರಟವರು ಆಲ್ಫ್ರೆಡೊ ಸಲಜಾರ್-ಕಾರೊ ಮತ್ತು ವಿಲಿಯಂ ರಾಬರ್ಟ್‌ಸನ್ ಎಂಬ ಇಬ್ಬರು ಕಲಾವಿದರು. ಅವರು ಸ್ಥಾಪಿಸಿದ ‘ಡಿಜಿಟಲ್ ಮ್ಯೂಸಿಯಂ ಆಫ್ ಡಿಜಿಟಲ್ ಆರ್ಟ್’ 2015ರಲ್ಲಿ ನ್ಯೂಯಾರ್ಕಿನ ಬ್ರೂಕ್ಲಿನ್ ಭಾಗದ ಟ್ರಾನ್ಸ್‌ಫರ್ ಗ್ಯಾಲರಿಯಲ್ಲಿ ಬಾಗಿಲು ತೆರೆಯಿತು. ಬಾಗಿಲು ಎಂದರೆ ಒಂದು ಹೆಡ್‌ಸೆಟ್. ಒಳಹೊಕ್ಕರೆ ವಿಶಾಲವಾದ ಮೊಗಸಾಲೆ. ಅಲ್ಲಿಂದ ಒಬ್ಬೊಬ್ಬ ಕಲಾವಿದನ ಮಂಟಪಕ್ಕೂ ಒಂದೊಂದು ದಾರಿ. ಸಾಮಾನ್ಯ ಗ್ಯಾಲರಿಯಲ್ಲಿ ಹೊಸಬನಿಗೆ ಮೂಲೆಯ ಮೂರಡಿ ಗೋಡೆ ಸಿಕ್ಕುವುದೇ ಪುಣ್ಯ. ಇಲ್ಲಿ ಪ್ರತಿಯೊಬ್ಬರಿಗೂ ಇಡೀ ಮಂಟಪ. ಅದರ ಆಕಾಶ, ನೆಲ, ಗುರುತ್ವಾಕರ್ಷಣೆ ಎಲ್ಲವೂ ಅವರವರ ಇಚ್ಛೆಯಂತೆ.

ಎರಡನೆಯ ಪ್ರದರ್ಶನದಲ್ಲಿ ಡಚ್ ಕಲಾವಿದೆ ರೋಸಾ ಮೆಂಕ್‌ಮನ್ ರಚಿಸಿದ ಮಂಟಪವನ್ನು ಉದಾಹರಣೆಗೆ ಹೇಳಬಹುದು. ನಾವು ಮೊಬೈಲಿನಲ್ಲಿ ದಿನವೂ ಕಳುಹಿಸುವ ಚಿತ್ರಗಳನ್ನು ಯಂತ್ರವು ಹಾಗೆಯೇ ಇಡುವುದಿಲ್ಲ. ಎಂಟು ಉದ್ದ, ಎಂಟು ಅಗಲದ ಪುಟ್ಟ ಚೌಕಗಳಾಗಿ ಸೀಳಿ, ಒಂದೊಂದು ಚೌಕವನ್ನೂ 64 ಮೂಲ ವಿನ್ಯಾಸಗಳ ಬೆರಕೆಯಾಗಿ ಬರೆದುಕೊಂಡು, ಕಣ್ಣಿಗೆ ಅಷ್ಟಾಗಿ ತಿಳಿಯದ ವಿವರಗಳನ್ನು ಕೈಬಿಟ್ಟು, ಚಿತ್ರವನ್ನು ಕುಗ್ಗಿಸುತ್ತದೆ. ಮೆಂಕ್‌ಮನ್ ಈ ಲೆಕ್ಕಾಚಾರವನ್ನೇ ಒಂದು ಪಾತ್ರವಾಗಿ ಮಾಡಿದಳು. ಹಿರಿಯ ಸೂತ್ರ ಕಿರಿಯ ಸೂತ್ರವನ್ನು ಜೊತೆಗೆ ಕರೆದುಕೊಂಡು ಗೆರೆಗಳ ಲೋಕದಿಂದ ಚೌಕಗಳ ಲೋಕಕ್ಕೆ, ಅಲ್ಲಿಂದ ಇನ್ನೂ ಜಟಿಲವಾದ ಲೋಕಗಳಿಗೆ ಯಾತ್ರೆ ಹೋಗುತ್ತದೆ. 1884ರಲ್ಲಿ ಎಡ್ವಿನ್ ಅಬಟ್ ಬರೆದ ‘ಫ್ಲಾಟ್‌ಲ್ಯಾಂಡ್’ ಎಂಬ ರೇಖಾಗಣಿತದ ಕಥೆಯೇ ಇದಕ್ಕೆ ಸ್ಫೂರ್ತಿ. ಇದನ್ನು ಗೋಡೆಗೆ ತೂಗುಹಾಕುವುದು ಹೇಗೆ? ಇಂತಹ ಮನೆಯಿರದಿದ್ದರೆ ಈ ಕೃತಿಗೆ ಹುಟ್ಟುವುದಕ್ಕೇ ಎಡೆಯಿರುತ್ತಿರಲಿಲ್ಲ.

ನಮ್ಮ ಹುಡುಗಿಯ ಕೊಠಡಿಗೆ ಮರಳುತ್ತೇನೆ. ಅವಳು ಕಲಾಶಾಲೆಯ ಕೊನೆಯ ವರ್ಷದಲ್ಲಿದ್ದಾಗ ಬಂದದ್ದು 2020ರ ಕೊರೋನಾ. ವರ್ಷಾಂತ್ಯದ ಪ್ರದರ್ಶನಕ್ಕೆಂದು ಗೊತ್ತುಮಾಡಿದ್ದ ಸಭಾಂಗಣ ಮುಚ್ಚಿತು. ಕಲಾವಿದ್ಯಾರ್ಥಿಗೆ ಆ ಪ್ರದರ್ಶನವೆಂದರೆ ರಂಗಪ್ರವೇಶವಿದ್ದಂತೆ. ಅದು ತಪ್ಪಿದರೆ ನಾಳೆ ಕೆಲಸ ಕೊಡುವವರಿಗಾಗಲಿ, ಚಿತ್ರ ಕೊಳ್ಳುವವರಿಗಾಗಲಿ ಅವಳು ಇದ್ದಾಳೆಂಬುದೇ ತಿಳಿಯದು. ಜಗತ್ತಿನ ಎಷ್ಟೋ ಕಲಾಶಾಲೆಗಳು ಆಗ ಕಂಪ್ಯೂಟರಿನೊಳಗೇ ಕೊಠಡಿ ಕಟ್ಟಿ ಪ್ರದರ್ಶನ ನಡೆಸಿದವು. ಬೆಂಗಳೂರಿನ ಕುಮಾರಕೃಪಾ ರಸ್ತೆಯ ಇಕ್ಕೆಲದಲ್ಲೂ ವರ್ಷಕ್ಕೊಮ್ಮೆ ಜನಸಾಗರ ಸೇರುವ ಚಿತ್ರಸಂತೆ ಕೂಡ 2021ರಲ್ಲಿ ಬೀದಿಯನ್ನು ಬಿಟ್ಟು ಅಂತರಜಾಲದಲ್ಲೇ ನೆರೆಯಿತು. ನಮ್ಮ ಹುಡುಗಿಯೂ ಅವಳ ಐವರು ಗೆಳೆಯ ಗೆಳತಿಯರೂ ಒಂದು ಸಣ್ಣ ಸಂಸ್ಥೆಯವರು ಉಚಿತವಾಗಿ ಕೊಟ್ಟ ಜಾಗದಲ್ಲಿ ಆರು ಕೊಠಡಿಗಳನ್ನು ಕಟ್ಟಿಕೊಂಡರು. ಬಾಡಿಗೆಯಿಲ್ಲ, ಚೌಕಟ್ಟು ಕಟ್ಟಿಸುವ ಖರ್ಚಿಲ್ಲ, ಉದ್ಘಾಟಕರಿಗೆ ಹಾರವಿಲ್ಲ. ಮೊದಲ ಸಂಜೆ ಎಲ್ಲೆಲ್ಲಿಂದಲೋ ನಲವತ್ತು ಮಂದಿ ಬಂದಿದ್ದರಂತೆ. ಒಬ್ಬರು ಬ್ರೆಜಿಲ್ ದೇಶದವರು.

ಎರಡನೆಯ ವಾರ ಬಂದವರು ಮೂವರು. ಮೂರನೆಯ ವಾರ ಅವಳ ತಾಯಿಯೊಬ್ಬಳೇ.

ಈ ಗ್ಯಾಲರಿಗಳ ಕೊರತೆಯೊಂದು ಇಲ್ಲಿದೆ. ಚಿತ್ರಸಂತೆಗೆ ಹೋದವನು ಕಡಲೆಕಾಯಿ ಕೊಳ್ಳಲು ನಿಂತಾಗ ಪಕ್ಕದ ಹುಡುಗನ ಚಿತ್ರ ಕಣ್ಣಿಗೆ ಬಿದ್ದು, ಮನಸ್ಸು ಹಿಡಿದು, ಚೀಲಕ್ಕೆ ಸೇರುವುದುಂಟು. ಕಂಪ್ಯೂಟರಿನೊಳಗಿನ ಕೊಠಡಿಯ ಮುಂದೆ ಯಾರೂ ಕಾಕತಾಳೀಯವಾಗಿ ಹಾದುಹೋಗುವುದಿಲ್ಲ. ವಿಳಾಸ ತಿಳಿದವನೇ ಬರಬೇಕು. ಹೆಸರು ಗೊತ್ತಿರುವವರ ಹೆಸರೇ ಇನ್ನಷ್ಟು ಗೊತ್ತಾಗುವುದಕ್ಕೆ ಬಾಡಿಗೆಯಿಲ್ಲದ ಗೋಡೆಯೂ ತಡೆಯೊಡ್ಡಲಿಲ್ಲ.

ಇದಕ್ಕಿಂತ ದೊಡ್ಡ ಪೆಟ್ಟು 2023ರಲ್ಲಿ ಬಿದ್ದಿತು. ಜಾಗ ಕೊಟ್ಟಿದ್ದವರು ಒಂದು ತಿಂಗಳ ಮುನ್ಸೂಚನೆಯಿತ್ತು ಅಂಗಡಿ ಮುಚ್ಚಿದರು. ಅವರ ಹೆಸರು ಇಲ್ಲಿ ಬೇಡ, ಸಣ್ಣವರು, ನಷ್ಟದಲ್ಲಿದ್ದರು. ದೊಡ್ಡವರ ಅಂಗಳಗಳಾದರೂ ಉಳಿದವೇ? ಮೈಕ್ರೋಸಾಫ್ಟ್ ಸಂಸ್ಥೆ ತಾನು 2017ರಲ್ಲಿ ಕೊಂಡಿದ್ದ ‘ಆಲ್ಟ್‌ಸ್ಪೇಸ್’ ಲೋಕವನ್ನು 2023ರ ಮಾರ್ಚ್ 10ರಂದು ನಿಲ್ಲಿಸಿತು. ಹೆಡ್‌ಸೆಟ್ ಇಲ್ಲದವರೂ ಸಾಮಾನ್ಯ ಕಂಪ್ಯೂಟರಿನಿಂದಲೇ ಒಳಹೊಗಬಹುದಾಗಿದ್ದ ಮೊಜಿಲ್ಲಾದವರ ‘ಹಬ್ಸ್’ 2024ರ ಮೇ 31ರಂದು ಮುಚ್ಚಿತು. ಹಬ್ಸಿನ ಸೂತ್ರಗಳನ್ನು ಎಲ್ಲರಿಗೂ ಮುಕ್ತವಾಗಿ ಬಿಟ್ಟಿದ್ದರಿಂದ ಆಸಕ್ತರ ಬಳಗವೊಂದು ಅದನ್ನು ಮುಂದುವರಿಸಲು ಹೊರಟಿತು. ಟಿಲ್ಟ್ ಬ್ರಷ್ ಕೂಡ ಹೀಗೆಯೇ, ಗೂಗಲ್ ಕೈಬಿಟ್ಟ ಮೇಲೆ, 2021ರಿಂದ ಊರವರ ಸೊತ್ತಾಗಿ ಬದುಕಿಕೊಂಡಿತು. ಸೂತ್ರ ಉಳಿಯುವುದು ಒಂದು, ಆ ಸೂತ್ರದಲ್ಲಿ ಕಟ್ಟಿದ ಸಾವಿರಾರು ಕೊಠಡಿಗಳು ಉಳಿಯುವುದು ಇನ್ನೊಂದು. ಕೊಠಡಿಯನ್ನು ಕಟ್ಟಿದವರು ಗಡುವಿನೊಳಗೆ ಬಂದು ತಮ್ಮ ಸಾಮಾನನ್ನು ಸಾಗಿಸಿಕೊಳ್ಳದಿದ್ದರೆ ಅದು ಹೋದಂತೆಯೇ.

ಹೋಲಿಕೆಗೆ ನಮ್ಮ ಹಂಪಿಯನ್ನು ನೋಡಿ. ಆಸ್ಟ್ರೇಲಿಯದ ಜೆಫ್ರಿ ಶಾ ಮತ್ತು ಸಾರಾ ಕೆಂಡರ್‌ಡೈನ್ ರಚಿಸಿದ ‘ಪ್ಲೇಸ್-ಹಂಪಿ’ ಎಂಬ ಕೃತಿ 2006ರಲ್ಲಿ ಫ್ರಾನ್ಸಿನ ಲೀಲ್ ನಗರದಲ್ಲಿ ಪ್ರದರ್ಶಿತವಾಯಿತು. ದುಂಡನೆಯ ಭಾರೀ ತೆರೆಯ ನಡುವಣ ವೇದಿಕೆಯ ಮೇಲೆ ನಿಂತವನು ತಾನೇ ಅತ್ತಿತ್ತ ತಿರುಗಿಸಿಕೊಂಡು ಹಂಪಿಯ ನೋಟಗಳ ಒಳಹೊಗುತ್ತಾನೆ. ಕಲ್ಲು ಮಂಟಪಗಳ ನಡುವೆ ದೇವತೆಗಳೂ ಸಂಚರಿಸುತ್ತಾರೆ. ಯುರೋಪನ್ನು ಸುತ್ತಿ ಬಂದ ಮೇಲೆ ಅದಕ್ಕೆ ಹಂಪಿಗೆ ದೂರವಲ್ಲದ ತೋರಣಗಲ್ಲಿನ ಕಲಾಧಾಮದಲ್ಲಿ ನೆಲೆ ಸಿಕ್ಕಿತು. ಇಟ್ಟಿಗೆ ಗಾರೆಯ ಕಟ್ಟಡ, ಬೀಗದ ಕೈ, ಯಂತ್ರ ಕೆಟ್ಟರೆ ದುರಸ್ತಿ ಮಾಡಿಸಲು ಹಣ, ಬೆನ್ನಿಗೆ ಒಂದು ಉಕ್ಕಿನ ಕಾರ್ಖಾನೆ! ಇಪ್ಪತ್ತೊಂದು ವರ್ಷದ ಹುಡುಗಿಗೆ ಉಕ್ಕಿನ ಕಾರ್ಖಾನೆ ಎಲ್ಲಿಂದ ಬರಬೇಕು?

ಕೊಠಡಿ ಹೋದ ಸುದ್ದಿಯನ್ನು ಅವಳು ಹೇಳಿದಾಗ ಅಕ್ಕನಿಗೆ ಅದೊಂದು ದೊಡ್ಡ ಸಂಗತಿಯಾಗಿ ತೋರಲಿಲ್ಲ. “ರಂಗೋಲಿ ಅಂದಮೇಲೆ ಅಳಿಸುವುದೇ ಅಲ್ಲವೇನೇ? ನಾನು ಹಾಕಿದ್ದು ಯಾವುದು ಉಳಿದಿದೆ? ನಾಳೆ ಮತ್ತೊಂದು ಹಾಕು” ಎಂದಳು.

“ನಿನಗೆ ನಾಳೆಯೂ ಅಂಗಳ ಇರುತ್ತದೆ ಅಜ್ಜಿ. ನನಗೆ ಅಂಗಳವೇ ಹೋಯಿತಲ್ಲ” ಎಂದಳು ಹುಡುಗಿ.

ಅಕ್ಕ ಮಾತನಾಡಲಿಲ್ಲ. ನನಗೂ ಏನು ಹೇಳಬೇಕೆಂದು ತೋಚಲಿಲ್ಲ.

ಉಳಿದಿರುವುದು ಒಂದು ಡಿಸ್ಕಿನಲ್ಲಿರುವ ಎಳೆಯ ನಕ್ಷೆ ಮಾತ್ರ. ನೀಲಿಗತ್ತಲೆ, ಹಣತೆಯಂತಹ ಚುಕ್ಕಿಗಳು, ಗೆಳೆಯರ ಐದು ಕೊಠಡಿಗಳು, ಬ್ರೆಜಿಲಿನವರು ಬರೆದುಹೋದ ಮೆಚ್ಚುಗೆ, ಅದರ ಕೆಳಗೆ ಅಕ್ಕ ಹೇಳಿ ಬರೆಸಿದ್ದ “ಒಂದು ಚುಕ್ಕಿ ಬಿಟ್ಟುಹೋಗಿದೆ” ಎಂಬ ಸಾಲು, ಯಾವುದೂ ಇಲ್ಲ. ಹುಡುಗಿ ಈಗ ಒಂದು ವಿನ್ಯಾಸ ಕಚೇರಿಯಲ್ಲಿ ಕೆಲಸದಲ್ಲಿದ್ದಾಳೆ. ತಿಂಗಳ ಸಂಬಳದಲ್ಲಿ ಉಳಿಸಿ ಕಳೆದ ವರ್ಷ ಸ್ವಂತ ಹೆಡ್‌ಸೆಟ್ ಕೊಂಡಳು. ಈ ಸಲ ಯಾರ ಜಾಗವನ್ನೂ ನೆಚ್ಚದೆ, ಇಡೀ ಕೊಠಡಿ ತನ್ನ ಡಿಸ್ಕಿನಲ್ಲೇ ಇರುವಂತೆ, ಮುಕ್ತವಾಗಿ ದೊರೆಯುವ ತಂತ್ರಾಂಶದಲ್ಲಿ ಕಟ್ಟಬೇಕೆಂದು ಅವಳ ಯೋಜನೆ. ಜೊತೆಗೆ ಅದೇ ರಂಗೋಲಿಯನ್ನು ಕಾಗದದ ಮೇಲೂ ಬರೆದು ಒಂದು ಪ್ರತಿ ಇಡುವಳಂತೆ. ಕಾಗದಕ್ಕೆ ಗೆದ್ದಲು ಹಿಡಿಯುತ್ತದೆ ಎಂದು ನಾನು ಹಾಸ್ಯ ಮಾಡಿದೆ. “ಗೆದ್ದಲು ಒಂದು ತಿಂಗಳ ನೋಟೀಸು ಕೊಟ್ಟು ಬರುವುದಿಲ್ಲ ತಾತ, ಆದರೂ ಔಷಧಿ ಹೊಡೆಯಬಹುದಲ್ಲ” ಎಂದು ನಕ್ಕಳು.

ಮೊನ್ನೆ ಭಾನುವಾರ ನಾನು ಹೋದಾಗ ಹಜಾರದಲ್ಲಿ ಅಜ್ಜಿಯೂ ಮೊಮ್ಮಗಳೂ ಊಟದ ಮೇಜಿನಷ್ಟು ದೊಡ್ಡ ಗ್ರಾಫ್ ಹಾಳೆಯನ್ನು ಹರಡಿಕೊಂಡು ಕುಳಿತಿದ್ದರು. ಅಕ್ಕನಿಗೆ ಈಗ ಕಣ್ಣು ಮತ್ತಷ್ಟು ಮಂದವಾಗಿದೆ. ಹಾಳೆಯ ಮೇಲೆ ಬೆರಳಿಟ್ಟು ಸವರಿ ಸವರಿ ಹೇಳುತ್ತಿದ್ದಳು.

“ಹದಿಮೂರರಿಂದ ಏಳು, ಸಂದು ಚುಕ್ಕಿ. ನೇರ ಚುಕ್ಕಿ ಇಟ್ಟೀಯೆ ಜೋಕೆ, ಎಳೆ ಕೂಡುವುದಿಲ್ಲ. ಹೋದ ಸಲ ನೀನು ತಪ್ಪಿದ್ದು ಅಲ್ಲೇ. ಎಲ್ಲಿಗೆ ಬಂತು?”

“ಹನ್ನೊಂದರ ಸಾಲು ಅಜ್ಜಿ.”

“ಎಣಿಸಿದೆಯಾ?”

“ಎಣಿಸಿದೆ. ಹನ್ನೊಂದು.”

“ಇನ್ನೊಂದು ಸಲ ಎಣಿಸು” ಎಂದಳು ಅಕ್ಕ.